ವಯಸ್ಸಾದವರಿಗೆ ಪೆಟ್ಟಾದಾಗ ಬದುಕುಳಿಯುವ ಸಾಧ್ಯತೆ ಎಷ್ಟು: ಕಲಬುರಗಿ, ಬೀದರ್, ಯಾದಗಿರಿ ಮನೆಮಂದಿ ಪದೇ ಪದೇ ಕೇಳುವ ಪ್ರಶ್ನೆಗಳು

ಬಚ್ಚಲಿನ ಒದ್ದೆ ಫರ್ಸಿ ಕಲ್ಲಿನ ಮೇಲೆ ಜಾರಿದ ಆಯಿ, ಬೇಸಿಗೆಯಲ್ಲಿ ಮಾಳಿಗೆ ಮೇಲೆ ಮಲಗಿ ನಸುಕಿನಲ್ಲಿ ಮೆಟ್ಟಿಲು ತಪ್ಪಿದ ಮುತ್ಯಾ, ಬೈಕಿನ ಹಿಂದೆ ಒಂದೇ ಕಡೆ ಕಾಲು ಇಳಿಬಿಟ್ಟು ಕೂತು ರೋಡ್ ಹಂಪಿನಲ್ಲಿ ಬಿದ್ದ ಅವ್ವ. ಇಂಥವರ ಮನೆಮಂದಿ ಕೇಳುವ ಪ್ರಶ್ನೆಗಳಿವು. ತಾಲೂಕು ಆಸ್ಪತ್ರೆಯಲ್ಲಿ ರಾತ್ರಿ ಪಾಳಿ ಮಾಡುವ ಹೊಸ ವೈದ್ಯರಿಗೂ ನರ್ಸ್‌ಗಳಿಗೂ ಉಪಯೋಗವಾಗಲಿ ಎಂದು ಲೆಕ್ಕಗಳನ್ನು ಪೂರ್ತಿ ಬಿಡಿಸಿ ಬರೆದಿದ್ದೇವೆ.

“ನಮ್ಮ ಮುತ್ಯಾ ಉಳೀತಾರೇನ್ರಿ?” ಅಂತ ಕೇಳಿದರೆ ಡಾಕ್ಟರ್ ಯಾಕೆ ನೇರ ಉತ್ತರ ಕೊಡುವುದಿಲ್ಲ?

ಮೊದಲ ಒಂದೆರಡು ಗಂಟೆಯಲ್ಲಿ ಅವರಿಗೂ ಪೂರ್ತಿ ಗೊತ್ತಿರುವುದಿಲ್ಲ. ಹೊರಗೆ ಕಾಣುವ ಗಾಯವೇ ದೊಡ್ಡದೆಂದು ಹೇಳಲು ಬರುವುದಿಲ್ಲ. ಸಿ.ಟಿ. ಆಗಬೇಕು, ರಕ್ತದ ವರದಿ ಬರಬೇಕು, ಒಳಗೆ ರಕ್ತ ಸೋರುತ್ತಿದೆಯೋ ಇಲ್ಲವೋ ಎಂದು ಎರಡು-ಮೂರು ಸಲ ನೋಡಬೇಕು.

ಉಳಿವನ್ನು ಮುಖ್ಯವಾಗಿ ತೀರ್ಮಾನಿಸುವುದು ಐದು ಸಂಗತಿ: ಪೆಟ್ಟು ಎಷ್ಟು ಅಂಗಗಳಿಗೆ ಎಷ್ಟು ಆಳವಾಗಿ ಆಗಿದೆ, ಎಷ್ಟು ರಕ್ತ ಹೋಗಿದೆ, ಮೆದುಳಿಗೆ ಏಟು ಬಿದ್ದಿದೆಯೇ, ಬೀಳುವ ಮೊದಲು ಆ ಮನುಷ್ಯ ಎಷ್ಟು ಗಟ್ಟಿ ಇದ್ದರು, ಸರಿಯಾದ ಚಿಕಿತ್ಸೆ ಎಷ್ಟು ಬೇಗ ಶುರುವಾಯಿತು. ಉಳಿಯುವ ಸಾಧ್ಯತೆಯನ್ನು ಅಂದಾಜಿಸಲು ವೈದ್ಯರು ಮಾಡುವ ಅಂಕದ ಲೆಕ್ಕಗಳು ಇವುಗಳಲ್ಲಿ ಎರಡನ್ನೋ ಮೂರನ್ನೋ ಮಾತ್ರ ಹಿಡಿಯುತ್ತವೆ. ಮೇಲಾಗಿ ಆ ಅಂಕ ಒಂದು ಗುಂಪಿನದು. “ಇಂಥ ನೂರು ಮಂದಿಯಲ್ಲಿ 25 ಮಂದಿ ಬದುಕಿದರು” ಎಂದರೆ ನಿಮ್ಮ ತಂದೆ ಆ 25ರಲ್ಲಿದ್ದಾರೋ 75ರಲ್ಲಿದ್ದಾರೋ ಅದು ಹೇಳುವುದಿಲ್ಲ.

ವಯಸ್ಸು 80 ದಾಟಿದರೆ ಆಸೆ ಬಿಡಬೇಕೇ?

ಇಲ್ಲ. ನಿತ್ಯ ತೊಗರಿ ಹೊಲಕ್ಕೆ ನಡೆದು ಹೋಗಿ ಬರುವ 82 ವರ್ಷದವರು, ಸಕ್ಕರೆ ಕಾಯಿಲೆ, ಕಿಡ್ನಿ ತೊಂದರೆ ಇದ್ದು ಮಂಚ ಬಿಟ್ಟೇಳದ 68 ವರ್ಷದವರಿಗಿಂತ ಚೆನ್ನಾಗಿ ಚೇತರಿಸಿಕೊಳ್ಳುವುದು ಸಾಮಾನ್ಯ. ವಯಸ್ಸನ್ನಷ್ಟೇ ನೋಡಿ ಚಿಕಿತ್ಸೆ ನಿಲ್ಲಿಸುವುದು ತಪ್ಪು.

ಹಾಗಾದರೆ ವೈದ್ಯರು ಯಾವ ಅಂಕ ಬಳಸುತ್ತಾರೆ? ಅದನ್ನು ಹೇಗೆ ಕೂಡಿಸುತ್ತಾರೆ?

65 ದಾಟಿದ ಗಾಯಾಳುಗಳಿಗೆಂದೇ ಮಾಡಿದ, ಕಾಗದ-ಪೆನ್ನಿನಲ್ಲೇ ಕೂಡಿಸಬಹುದಾದ ಲೆಕ್ಕ ಜಿಟಿಒಎಸ್ (ಜೀರಿಯಾಟ್ರಿಕ್ ಟ್ರಾಮಾ ಔಟ್‌ಕಮ್ ಸ್ಕೋರ್). ಅಮೆರಿಕದ ಡಲ್ಲಾಸ್ ನಗರದ ವೈದ್ಯರು ಇದನ್ನು 2015ರಲ್ಲಿ ಪ್ರಕಟಿಸಿದರು. ಆಸ್ಪತ್ರೆಯಲ್ಲಿದ್ದಾಗಲೇ ಸಾವು ಬರುವ ಸಾಧ್ಯತೆಯನ್ನು ಅದು ಅಂದಾಜಿಸುತ್ತದೆ.

ಸೂತ್ರ ಇಷ್ಟೇ: ವಯಸ್ಸು + (2.5 × ಐಎಸ್‌ಎಸ್) + ಮೊದಲ 24 ಗಂಟೆಯೊಳಗೆ ಕೆಂಪು ರಕ್ತಕಣದ ಚೀಲ ಕೊಟ್ಟಿದ್ದರೆ 22.

ಐಎಸ್‌ಎಸ್ ಎಂದರೆ ಗಾಯದ ತೀವ್ರತೆಯ ಅಂಕ, 1974ರಿಂದ ಬಳಕೆಯಲ್ಲಿದೆ. ದೇಹವನ್ನು ಆರು ಭಾಗ ಮಾಡುತ್ತಾರೆ: ತಲೆ-ಕುತ್ತಿಗೆ, ಮುಖ, ಎದೆ, ಹೊಟ್ಟೆ, ಸೊಂಟದ ಎಲುಬು ಸೇರಿದಂತೆ ಕೈಕಾಲು, ಚರ್ಮ. ಪ್ರತಿ ಭಾಗದ ಅತಿ ಕೆಟ್ಟ ಗಾಯಕ್ಕೆ 1ರಿಂದ 6ರವರೆಗೆ ಅಂಕ ಕೊಟ್ಟು, ಹೆಚ್ಚು ಅಂಕ ಬಂದ ಮೂರು ಭಾಗಗಳ ಅಂಕದ ವರ್ಗ (ಅಂಕವನ್ನು ಅದರಿಂದಲೇ ಗುಣಿಸಿದ್ದು) ತೆಗೆದು ಕೂಡಿಸುತ್ತಾರೆ. ಎಲ್ಲಿಯಾದರೂ 6 ಬಂದರೆ ಐಎಸ್‌ಎಸ್ ನೇರ 75, ಅದೇ ಗರಿಷ್ಠ. 15 ದಾಟಿದರೆ ಗಂಭೀರ ಗಾಯ ಎಂಬುದು ವಾಡಿಕೆ.

ಒಂದು ಲೆಕ್ಕ ಮಾಡಿ ನೋಡೋಣ. 72 ವರ್ಷದವರು, ಹುಮನಾಬಾದ್ ಬಳಿ ಹೆದ್ದಾರಿಯಲ್ಲಿ ಬೈಕಿನಿಂದ ಬಿದ್ದಿದ್ದಾರೆ ಎಂದುಕೊಳ್ಳಿ. ನಾಲ್ಕು ಪಕ್ಕೆಲುಬು ಮುರಿದಿದೆ: ಎದೆಗೆ 3. ತೊಡೆ ಎಲುಬು ಮುರಿದಿದೆ: ಕೈಕಾಲು ಭಾಗಕ್ಕೆ 3. ಮೈ ತರಚಿದೆ: ಚರ್ಮಕ್ಕೆ 1. ವರ್ಗಗಳು 9 + 9 + 1, ಐಎಸ್‌ಎಸ್ 19. ಅದರ 2.5 ಪಟ್ಟು 47.5. ವಯಸ್ಸು ಕೂಡಿಸಿದರೆ 119.5. ರಕ್ತ ಕೊಟ್ಟಿದ್ದರೆ 141.5.

ಮೂಲ ಅಧ್ಯಯನದಲ್ಲಿ ಅಂಕ 205 ಇದ್ದಾಗ ಸಾವಿನ ಸಾಧ್ಯತೆ 75%, 233ಕ್ಕೆ 90%, 252ಕ್ಕೆ 95%. ನಮ್ಮ ಉದಾಹರಣೆಯ ವ್ಯಕ್ತಿ ಅದರಿಂದ ಬಹಳ ಕೆಳಗಿದ್ದಾರೆ. ಅವರಿಗೆ ಪೂರ್ತಿ ಚಿಕಿತ್ಸೆ ಕೊಡಬೇಕು, ಕೊಡುವುದರಲ್ಲಿ ಅರ್ಥವೂ ಇದೆ.

ಈ ಅಂಕ ಎಲ್ಲಿ ಮೋಸ ಮಾಡುತ್ತದೆ?

ಹಲವು ಕಡೆ. ನಮ್ಮ ಭಾಗದಲ್ಲಿ ಇನ್ನೂ ಹೆಚ್ಚು, ಆದ್ದರಿಂದ ಇಲ್ಲಿ ಸ್ವಲ್ಪ ನಿಲ್ಲಬೇಕು.

ಮೊದಲನೆಯದು, ಪತ್ತೆಯಾಗದ ಗಾಯಕ್ಕೆ ಅಂಕವಿಲ್ಲ. ರಾತ್ರಿ ಸಿ.ಟಿ. ಆಗದೆ ಬರೀ ಎಕ್ಸ್‌ರೇ ನೋಡಿ ಕೂಡಿಸಿದ ಐಎಸ್‌ಎಸ್ ಸುಳ್ಳು ಸಮಾಧಾನ ಕೊಡುತ್ತದೆ. ಎದೆಯ ಸಾಮಾನ್ಯ ಎಕ್ಸ್‌ರೇಯಲ್ಲಿ ಮುರಿದ ಪಕ್ಕೆಲುಬುಗಳಲ್ಲಿ ಬಹಳಷ್ಟು ಕಾಣುವುದೇ ಇಲ್ಲ. ಸಿ.ಟಿ. ಆದ ಮೇಲೆ ಮತ್ತೆ ಕೂಡಿಸಿ.

ಎರಡನೆಯದು, ರಕ್ತದ 22 ಅಂಕ. ರಕ್ತ ಬೇಕಾಗಿತ್ತು, ಆದರೆ ಆ ಗುಂಪಿನ ಚೀಲ ಸಿಗಲು ಒಂದೂವರೆ ದಿನ ಹಿಡಿಯಿತು ಎಂದುಕೊಳ್ಳಿ. 24 ಗಂಟೆಯೊಳಗೆ ಕೊಡಲಿಲ್ಲವಾದ್ದರಿಂದ ಅಂಕ ಕಡಿಮೆ ಬರುತ್ತದೆ, ರೋಗಿಯ ಸ್ಥಿತಿ ಮಾತ್ರ ಕೆಟ್ಟಿರುತ್ತದೆ. ಇದರ ತಿರುಗುಮುರುಗೂ ಉಂಟು. ಪೆಟ್ಟಿಗೆ ಮೊದಲೇ ಹಿಮೋಗ್ಲೋಬಿನ್ 7ರಲ್ಲಿದ್ದ ಅಜ್ಜಿಗೆ ಆಪರೇಷನ್ ಸಲುವಾಗಿ ಒಂದು ಚೀಲ ಕೊಟ್ಟರೆ, ಗಾಯದಿಂದ ರಕ್ತವೇ ಹೋಗದಿದ್ದರೂ 22 ಸೇರಿಬಿಡುತ್ತದೆ. ಹೀಗಾಗಿ “ರಕ್ತ ಯಾಕೆ ಕೊಟ್ಟಿರಿ” ಎಂಬ ಪ್ರಶ್ನೆ ಅಂಕದಷ್ಟೇ ಮುಖ್ಯ.

ಮೂರನೆಯದು, ಐಎಸ್‌ಎಸ್ ಒಂದು ಭಾಗಕ್ಕೆ ಒಂದೇ ಗಾಯ ಲೆಕ್ಕ ಹಿಡಿಯುತ್ತದೆ. ಎರಡೂ ತೊಡೆ ಮುರಿದಿದ್ದರೂ 9, ಒಂದೇ ಮುರಿದಿದ್ದರೂ 9. ಈ ಕೊರತೆ ನೀಗಲೆಂದು 1997ರಲ್ಲಿ ಹೊಸ ಐಎಸ್‌ಎಸ್ ಬಂತು. ಅದು ಭಾಗ ನೋಡದೆ ಮೂರು ಅತಿ ಕೆಟ್ಟ ಗಾಯಗಳನ್ನು ತೆಗೆದುಕೊಳ್ಳುತ್ತದೆ. ಜಿಟಿಒಎಸ್ ಕಟ್ಟಿರುವುದು ಹಳೆಯ ಐಎಸ್‌ಎಸ್ ಮೇಲೆ, ಹಾಗಾಗಿ ಎರಡನ್ನೂ ಬೆರೆಸಬೇಡಿ.

ನಾಲ್ಕನೆಯದು, ಅದಕ್ಕೆ ಹೃದಯ, ಕಿಡ್ನಿ, ಸಕ್ಕರೆ, ರಕ್ತ ತೆಳುಮಾಡುವ ಗುಳಿಗೆ ಯಾವುದೂ ಕಾಣುವುದಿಲ್ಲ. ಅದನ್ನು ಕಟ್ಟಿದ್ದೂ ಎಲ್ಲ ಸೌಲಭ್ಯವಿರುವ ದೊಡ್ಡ ಟ್ರಾಮಾ ಕೇಂದ್ರದ ರೋಗಿಗಳ ಮೇಲೆ. ಔರಾದ್‌ನ ತಾಂಡಾದಿಂದ ಮೂರು ಗಂಟೆ ಗಾಡಿಯಲ್ಲಿ ಬಂದವರಿಗೆ ಅದನ್ನು ಅಳವಡಿಸುವಾಗ ಆ ಮೂರು ಗಂಟೆಯನ್ನು ನಾವೇ ನೆನಪಿಡಬೇಕು.

“ಬಿ.ಪಿ. 115 ಅದ, ಚಲೋ ಅದ ಅಂತಾರ. ಮತ್ತ್ಯಾಕ ಐಸಿಯು ಅಂತೀರಿ?”

ಮನೆಯಲ್ಲಿ ಅವರ ಬಿ.ಪಿ. 160 ಇರುತ್ತಿದ್ದರೆ 115 ಚಲೋ ಅಲ್ಲ. ರಕ್ತ ಹೋಗಿರುವ ಗುರುತಿರಬಹುದು. ಹರೆಯದವರಲ್ಲಿ ಮೇಲಿನ ಬಿ.ಪಿ. 90ಕ್ಕಿಂತ ಕೆಳಗೆ ಬಂದರೆ ಗಾಬರಿಯಾಗುತ್ತೇವೆ. 65 ದಾಟಿದವರಲ್ಲಿ ಆ ಗೆರೆ 110. ನಾಡಿ 100 ದಾಟಿಲ್ಲ ಎಂದೂ ಸುಮ್ಮನಿರುವಂತಿಲ್ಲ: ಮೆಟೊಪ್ರೊಲಾಲ್, ಅಟೆನೊಲಾಲ್‌ನಂಥ ಬಿ.ಪಿ. ಗುಳಿಗೆ ತೆಗೆದುಕೊಳ್ಳುವವರ ನಾಡಿ ರಕ್ತ ಸೋರಿದರೂ ಏರುವುದಿಲ್ಲ.

ಕೈಯಲ್ಲೇ ಮಾಡಬಹುದಾದ ಪರೀಕ್ಷೆ ಒಂದಿದೆ. ನಾಡಿಯನ್ನು ಮೇಲಿನ ಬಿ.ಪಿ.ಯಿಂದ ಭಾಗಿಸಿ, ವಯಸ್ಸಿನಿಂದ ಗುಣಿಸಿ. 50 ದಾಟಿದರೆ ಅಪಾಯ ಹೆಚ್ಚು. 74 ವರ್ಷದವರ ನಾಡಿ 80, ಬಿ.ಪಿ. 130 ಇದ್ದರೆ ಸುಮಾರು 46. ಅದೇ ವ್ಯಕ್ತಿಯ ನಾಡಿ 92, ಬಿ.ಪಿ. 108 ಆದರೆ 63. ಬಿಡಿಬಿಡಿಯಾಗಿ ನೋಡಿದರೆ 92, 108 ಎರಡೂ ಯಾರನ್ನೂ ಹೆದರಿಸುವುದಿಲ್ಲ. ಒಟ್ಟಿಗೆ ನೋಡಿದಾಗ ಮಾತ್ರ ಎಚ್ಚರಿಸುತ್ತವೆ.

ಮೊದಲ ಹಿಮೋಗ್ಲೋಬಿನ್ ವರದಿಯನ್ನೂ ನಂಬಬೇಡಿ. ಈಗತಾನೇ ರಕ್ತ ಹೋದವರಲ್ಲಿ ಅದು ಸರಿಯಾಗೇ ಬಂದು, ಕೆಲವು ಗಂಟೆ ಕಳೆದ ಮೇಲೆ ಇಳಿಯುತ್ತದೆ. ರಕ್ತದ ಲ್ಯಾಕ್ಟೇಟ್ ಪರೀಕ್ಷೆ ಇದ್ದರೆ ಮಾಡಿಸಿ. 2 ದಾಟಿ ಏರುತ್ತಿದ್ದರೆ ಬಿ.ಪಿ. ಎಷ್ಟೇ ಇರಲಿ, ಅಂಗಾಂಗಗಳಿಗೆ ರಕ್ತ ಸಾಲುತ್ತಿಲ್ಲ ಎಂದು ಶಂಕಿಸಬೇಕು.

“ತಲಿಗೆ ಪೆಟ್ಟಾಗ್ಯಾದ, ಆದ್ರ ಚಂದಾಗಿ ಮಾತಾಡಲಿಕತ್ತಾರ. ಸಿ.ಟಿ. ಬೇಕೇನ್ರಿ?”

ಬೇಕು. ವಯಸ್ಸಾದಂತೆ ಮೆದುಳು ಕುಗ್ಗಿ, ತಲೆಬುರುಡೆಯೊಳಗೆ ಜಾಗ ಆಗುತ್ತದೆ. ಮೆದುಳಿನ ಮೇಲ್ಮೈಯ ರಕ್ತನಾಳಗಳು ಎಳೆದುಕೊಂಡಿದ್ದು ಸಣ್ಣ ಏಟಿಗೂ ಹರಿಯುತ್ತವೆ. ಸೋರಿದ ರಕ್ತಕ್ಕೆ ಜಾಗ ಇರುವುದರಿಂದ ಮೊದಲ ಕೆಲವು ಗಂಟೆ ಏನೂ ತೋರುವುದಿಲ್ಲ. ಎಚ್ಚರ ಎಷ್ಟಿದೆ ಎಂದು ಅಳೆಯುವ ಗ್ಲಾಸ್ಗೋ ಅಂಕ 15ಕ್ಕೆ 15 ಇದ್ದರೂ ಒಳಗೆ ರಕ್ತ ಇರಬಹುದು. ಯಾರಿಗೆ ಸಿ.ಟಿ. ಬೇಕೆಂದು ಹೇಳುವ ಕೆನಡಾದ ತಲೆ ಸಿ.ಟಿ. ನಿಯಮದಲ್ಲಿ 65 ತುಂಬಿರುವುದೇ ಅಪಾಯದ ಲಕ್ಷಣ.

ಕುತ್ತಿಗೆಯನ್ನೂ ಮರೆಯಬೇಡಿ. ಮುಖ ಅಡಿಯಾಗಿ ಬಿದ್ದ ಮುದುಕರಲ್ಲಿ ಕುತ್ತಿಗೆಯ ಎರಡನೇ ಎಲುಬು ಮುರಿಯುವುದು ಹೆಚ್ಚು. “ಕುತ್ತಿಗೆ ಹಿಡಿದುಕೊಂಡದ” ಎಂದು ತಿಕ್ಕಿಸಿಕೊಳ್ಳಲು ಒಯ್ಯಬೇಡಿ.

ಯಾವ ಗುಳಿಗೆಗಳ ಹೆಸರು ಮೊದಲೇ ಹೇಳಬೇಕು?

ವಾರ್ಫರಿನ್, ಅಸಿಟ್ರೋಂ, ಕ್ಲೋಪಿಡೊಗ್ರೆಲ್, ಇಕೋಸ್ಪ್ರಿನ್, ರಕ್ತ ತೆಳುಮಾಡುವ ಹೊಸ ಗುಳಿಗೆಗಳಾದ ರಿವರಾಕ್ಸಬಾನ್, ಅಪಿಕ್ಸಬಾನ್, ಡಾಬಿಗಾಟ್ರಾನ್. ಸ್ಟೆಂಟ್ ಹಾಕಿಸಿಕೊಂಡವರ, ಕವಾಟ ಬದಲಿಸಿದವರ ಮನೆಯಲ್ಲಿ ಇವು ಇದ್ದೇ ಇರುತ್ತವೆ. ಕೊನೆಯ ಗುಳಿಗೆ ಎಷ್ಟು ಗಂಟೆಗೆ ತೆಗೆದುಕೊಂಡರು ಎಂಬುದನ್ನೂ ಹೇಳಿ. ಹೆಸರು ನೆನಪಿಲ್ಲದಿದ್ದರೆ ಗುಳಿಗೆ ಡಬ್ಬಿಯನ್ನೇ ಚೀಲಕ್ಕೆ ಹಾಕಿಕೊಂಡು ಬನ್ನಿ. ಖಾಲಿ ಚೀಟಿಯಾದರೂ ನಡೆಯುತ್ತದೆ.

ವಾರ್ಫರಿನ್, ಅಸಿಟ್ರೋಂ ಇದ್ದರೆ ರಕ್ತ ಹೆಪ್ಪುಗಟ್ಟಲು ಎಷ್ಟು ತಡವಾಗುತ್ತದೆ ಎಂದು ತೋರಿಸುವ ಐಎನ್‌ಆರ್ ಪರೀಕ್ಷೆ ಮಾಡಿ, ಮೆದುಳಿನಲ್ಲಿ ರಕ್ತ ಕಂಡರೆ ವಿಟಮಿನ್ ಕೆ ಜೊತೆಗೆ ಹೆಪ್ಪುಗಟ್ಟಿಸುವ ಅಂಶದ ಸಾಂದ್ರ ಅಥವಾ ಪ್ಲಾಸ್ಮಾ ಕೊಟ್ಟು ಗುಳಿಗೆಯ ಪರಿಣಾಮವನ್ನು ಇಳಿಸುತ್ತಾರೆ. ವಿಟಮಿನ್ ಕೆ ಒಂದೇ ಸಾಲದು, ಅದು ಕೆಲಸ ಶುರುಮಾಡಲು ಗಂಟೆಗಳು ಬೇಕು.

ಎರಡು-ಮೂರು ಪಕ್ಕೆಲುಬು ಮುರಿದರೆ ಅಷ್ಟೇನು ದೊಡ್ಡದು?

ಮುದುಕರಲ್ಲಿ ದೊಡ್ಡದೇ. 65 ದಾಟಿದವರಲ್ಲಿ ಮುರಿದ ಪ್ರತಿ ಹೆಚ್ಚುವರಿ ಪಕ್ಕೆಲುಬಿಗೆ ಸಾವಿನ ಅಪಾಯ ಸುಮಾರು 19%, ನ್ಯುಮೋನಿಯಾ ಅಪಾಯ ಸುಮಾರು 27% ಏರುತ್ತದೆ ಎಂದು ಅಮೆರಿಕದ 2000ದ ಅಧ್ಯಯನ ತೋರಿಸಿತು. ಸಾವು ತರುವುದು ಎಲುಬಲ್ಲ, ನೋವು. ನೋವಿಗೆ ಹೆದರಿ ಆಳ ಉಸಿರು ಎಳೆಯುವುದಿಲ್ಲ, ಕೆಮ್ಮುವುದಿಲ್ಲ. ಕಫ ಕೆಳಗೆ ನಿಲ್ಲುತ್ತದೆ. ಮೂರನೇ ನಾಲ್ಕನೇ ದಿನಕ್ಕೆ ನ್ಯುಮೋನಿಯಾ.

ಆದ್ದರಿಂದ ನೋವು ತಡೆಯುವುದೇ ಜೀವ ಉಳಿಸುವ ಚಿಕಿತ್ಸೆ. ಬೆನ್ನಿನಲ್ಲಿ ಅಥವಾ ಪಕ್ಕೆಯ ನರಕ್ಕೆ ಮರಗಟ್ಟಿಸುವ ಮದ್ದು ಕೊಡಲು ಬರುತ್ತದೆಯೇ ಎಂದು ಅರಿವಳಿಕೆ ವೈದ್ಯರನ್ನು ಕೇಳಿ. ಡೈಕ್ಲೋಫೆನಾಕ್ ಇಂಜೆಕ್ಷನ್ ಮೇಲಿಂದ ಮೇಲೆ ಕೊಡಿಸುವುದು ಇಲ್ಲಿ ಬಹಳ. ವಯಸ್ಸಾದವರ ಕಿಡ್ನಿಗೆ, ಅದರಲ್ಲೂ ಮೇ ತಿಂಗಳ ಬಿಸಿಲಿಗೆ ನೀರು ಕಡಿಮೆಯಾದವರಿಗೆ, ಅದು ಹೊಡೆತ. ಮೂರು ಚೆಂಡಿನ ಉಸಿರಾಟದ ಡಬ್ಬಿ ಕೊಟ್ಟಿದ್ದರೆ ಎಚ್ಚರವಿದ್ದಾಗ ಗಂಟೆಗೆ ಹತ್ತು ಸಲ, ಊದದೆ ಒಳಗೆ ಎಳೆಯಬೇಕು. ಎದೆ ಸುತ್ತ ಬಿಗಿಯಾಗಿ ಬಟ್ಟೆ ಕಟ್ಟಬೇಡಿ.

ಸೊಂಟದ ಕೀಲು ಮುರಿದಿದೆ. ಈ ವಯಸ್ಸಿಗೆ ಆಪರೇಷನ್ ತಡೆಯುತ್ತದೆಯೇ? ಪಟ್ಟು ಕಟ್ಟಿಸಿದರೆ ಆಗದೇ?

ಬಿದ್ದ ಮೇಲೆ ಕಾಲು ಗಿಡ್ಡವಾಗಿ ಹೊರಗೆ ತಿರುಗಿದ್ದರೆ ತೊಡೆ ಎಲುಬಿನ ಕುತ್ತಿಗೆ ಮುರಿದಿದೆ ಎಂದೇ ತಿಳಿದು ನಡೆಯಿರಿ. ಅಲ್ಲಿಗೆ ಪಟ್ಟು ಹಿಡಿಯುವುದಿಲ್ಲ. ಎಣ್ಣೆ ಹಚ್ಚಿ ಎಳೆಸಿದರೆ ಮುರಿದ ತುದಿಗಳು ಇನ್ನೂ ಸರಿದು ರಕ್ತ ಸೋರುತ್ತದೆ.

80 ವರ್ಷದವರಿಗೆ ಇದೊಂದೇ ಗಾಯ ಎಂದರೆ ಐಎಸ್‌ಎಸ್ 9, ಜಿಟಿಒಎಸ್ 102.5. ಅಂಕ ಕಡಿಮೆ, ಆಸ್ಪತ್ರೆಯಿಂದ ಜೀವಂತ ಹೊರಬರುವವರೇ ಹೆಚ್ಚು. ಆದರೂ ಸೊಂಟ ಮುರಿದ ವೃದ್ಧರಲ್ಲಿ ಒಂದು ವರ್ಷದೊಳಗೆ ಸುಮಾರು ನಾಲ್ಕರಲ್ಲಿ ಅಥವಾ ಐದರಲ್ಲಿ ಒಬ್ಬರು ತೀರಿಕೊಳ್ಳುತ್ತಾರೆ ಎಂಬುದು ಹಲವು ದೇಶಗಳ ಅನುಭವ. ಹಾಸಿಗೆ ಹುಣ್ಣು, ನ್ಯುಮೋನಿಯಾ, ಕಾಲಿನ ನಾಳದಲ್ಲಿ ಹೆಪ್ಪು, ಊಟ ಬಿಡುವುದು, ಮಂಕಾಗುವುದು: ಮಲಗಿದಲ್ಲೇ ಇದ್ದುದರ ಫಲ ಇವು.

ಇಲ್ಲಿ ಇನ್ನೊಂದು ಲೆಕ್ಕ ಹೆಚ್ಚು ಉಪಯೋಗ, 2008ರ ನಾಟಿಂಗ್‌ಹ್ಯಾಮ್ ಅಂಕ. ಆಪರೇಷನ್ ಆದ 30 ದಿನಗಳ ಅಪಾಯ ಅಂದಾಜಿಸುತ್ತದೆ, ಗರಿಷ್ಠ 10. ವಯಸ್ಸು 66ರಿಂದ 85 ಇದ್ದರೆ 3, ಅದಕ್ಕೂ ಮೇಲಾದರೆ 4. ಗಂಡಸಾದರೆ 1, ಹಿಮೋಗ್ಲೋಬಿನ್ 10 ಅಥವಾ ಕಡಿಮೆ ಇದ್ದರೆ 1, ನೆನಪಿನ ಪರೀಕ್ಷೆಯಲ್ಲಿ ಹತ್ತಕ್ಕೆ 6 ಅಥವಾ ಕಡಿಮೆ ಬಂದರೆ 1, ವೃದ್ಧಾಶ್ರಮದಲ್ಲಿದ್ದರೆ 1, ಎರಡು ಅಥವಾ ಹೆಚ್ಚು ದೊಡ್ಡ ಕಾಯಿಲೆ ಇದ್ದರೆ 1, ಕ್ಯಾನ್ಸರ್ ಇದ್ದರೆ 1. ನಮ್ಮಲ್ಲಿ ಆಶ್ರಮದ ಅಂಕ ಬಹುತೇಕ ಬರುವುದಿಲ್ಲ. ಮನೆಯಲ್ಲೇ ಮಂಚ ಹಿಡಿದವರಿಗೂ ಬರುವುದಿಲ್ಲ, ಹಾಗಾಗಿ ಅವರ ಅಪಾಯವನ್ನು ಅದು ಕಡಿಮೆ ತೋರಿಸುತ್ತದೆ.

ಆಪರೇಷನ್ ಆದಷ್ಟೂ 48 ಗಂಟೆಯೊಳಗೆ ಆಗಬೇಕು. ಬ್ರಿಟನ್‌ನಲ್ಲಿ 36 ಗಂಟೆಯ ಗುರಿ ಇದೆ. ದಿನ ಒಳ್ಳೇದಿಲ್ಲ, ಅಮಾವಾಸ್ಯೆ ಕಳೀಲಿ, ಮಗ ಪುಣೆಯಿಂದ ಬರಲಿ ಎಂದು ಕಾಯುವ ಒಂದೊಂದು ದಿನವೂ ರೋಗಿಯ ಶಕ್ತಿಯಿಂದ ಕಳೆಯುತ್ತದೆ. ಮಗ ಫೋನಿನಲ್ಲೇ ವೈದ್ಯರ ಜೊತೆ ಮಾತಾಡಲಿ. ಮರುದಿನವೇ ಎಬ್ಬಿಸಿ ಕೂರಿಸಬೇಕು, ವಾಕರ್ ಹಿಡಿದು ನಿಲ್ಲಿಸಬೇಕು. ಎರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಬೇಕು.

ಪೆಟ್ಟಿಗೆ ಮೊದಲಿನ ಶಕ್ತಿಯನ್ನು ಅಳೆಯುವುದು ಹೇಗೆ?

ಕೆನಡಾದಲ್ಲಿ 2005ರಲ್ಲಿ ರೂಪುಗೊಂಡ ನಿಶ್ಶಕ್ತಿಯ ಮಾಪಕ ಇದೆ. 1 ಎಂದರೆ ಬಲು ಗಟ್ಟಿ, 9 ಎಂದರೆ ಕೊನೆಗಾಲ. ನೋಡಬೇಕಾದ್ದು ಬೀಳುವುದಕ್ಕೆ ಎರಡು ವಾರ ಮೊದಲಿನ ಸ್ಥಿತಿ, ಈಗ ಮಂಚದ ಮೇಲೆ ನರಳುವ ಸ್ಥಿತಿಯಲ್ಲ. ನಮ್ಮ ಕಡೆ ಹೀಗೆ ಕೇಳಿ: ಸಂತೆಗೆ, ಪಿಂಚಣಿಗೆ ಒಬ್ಬರೇ ಹೋಗಿ ಬರುತ್ತಿದ್ದರೇ? ಅದಕ್ಕೆ ನೆರವು ಬೇಕಿದ್ದರೆ ಸುಮಾರು 5. ಜಳಕಕ್ಕೂ ಮೆಟ್ಟಿಲಿಗೂ ನೆರವು ಬೇಕಿದ್ದರೆ 6. ಜಳಕ, ಬಟ್ಟೆ, ಬಚ್ಚಲು ಎಲ್ಲಕ್ಕೂ ಬೇರೆಯವರೇ ಬೇಕಿದ್ದರೆ 7.

ಮನೆಮಂದಿ ಇಲ್ಲಿ ಸುಳ್ಳು ಹೇಳುವುದಿಲ್ಲ, ಆದರೆ ಪ್ರೀತಿಯಿಂದ ಹೆಚ್ಚು ಹೇಳುತ್ತಾರೆ. “ಎಲ್ಲಾ ತಾನೇ ಮಾಡ್ಕೊತಿದ್ದ” ಎಂದ ಮೇಲೂ ಸೊಸೆಯನ್ನು ಬೇರೆಯಾಗಿ ಕೇಳಿ. ದಿನದ ಆರೈಕೆ ಮಾಡುವವರಿಗೆ ನಿಜಸ್ಥಿತಿ ಗೊತ್ತಿರುತ್ತದೆ.

ರಾತ್ರಿ ಬಿದ್ದು ಬೆಳಗಿನವರೆಗೆ ನೆಲದ ಮೇಲೇ ಇದ್ದರು. ಅದನ್ನು ಹೇಳಬೇಕೇ?

ಖಂಡಿತ ಹೇಳಿ. ಗಂಟೆಗಟ್ಟಲೆ ಒತ್ತಿಹೋದ ಮಾಂಸಖಂಡ ಕರಗಿ ಕಿಡ್ನಿಗೆ ತೊಂದರೆಯಾಗುತ್ತದೆ, ಮೂತ್ರ ಚಹಾದ ಬಣ್ಣಕ್ಕೆ ಬರುತ್ತದೆ. ಬೀದರ್ ಚಳಿಗಾಲದಲ್ಲಿ ಕಲ್ಲುನೆಲದ ಮೇಲೆ ಮೈ ತಣ್ಣಗಾದರೆ ರಕ್ತ ಹೆಪ್ಪುಗಟ್ಟುವುದೂ ಕೆಡುತ್ತದೆ. ಯಾಕೆ ಬಿದ್ದರು ಎಂಬುದೂ ಮುಖ್ಯ: ಕಾಲು ಜಾರಿತೋ, ಕಣ್ಣು ಕತ್ತಲೆ ಬಂತೋ? ಕತ್ತಲೆ ಬಂದಿದ್ದರೆ ಇಸಿಜಿ ಮತ್ತು ಸಕ್ಕರೆ ಪರೀಕ್ಷೆ ಕೂಡಲೇ ಆಗಬೇಕು.

ನೇರ ಸೊಲ್ಲಾಪುರಕ್ಕೋ ಹೈದರಾಬಾದಿಗೋ ಒಯ್ಯುವುದು ಒಳ್ಳೆಯದಲ್ಲವೇ?

ರಕ್ತ ಸೋರುತ್ತಿರುವವರನ್ನು ಮೊದಲು ಹತ್ತಿರದ ದೊಡ್ಡ ಆಸ್ಪತ್ರೆಯಲ್ಲಿ ಸ್ಥಿರಗೊಳಿಸಿ. ಕಲಬುರಗಿಯಲ್ಲಿ ಜಿಮ್ಸ್, ಬೀದರಿನಲ್ಲಿ ಬ್ರಿಮ್ಸ್, ಯಾದಗಿರಿಯಲ್ಲಿ ಯಿಮ್ಸ್ ಸರ್ಕಾರಿ ಬೋಧಕ ಆಸ್ಪತ್ರೆಗಳಿವೆ. ಕಲಬುರಗಿಯಿಂದ ಸೊಲ್ಲಾಪುರ ಸುಮಾರು 110, ಹೈದರಾಬಾದ್ ಸುಮಾರು 220 ಕಿ.ಮೀ. ಬಾಡಿಗೆ ವ್ಯಾನಿನ ಹಿಂದಿನ ಸೀಟಿನಲ್ಲಿ ನಾಲ್ಕು ಗಂಟೆ ಎಂದರೆ ಆಮ್ಲಜನಕವಿಲ್ಲ, ಸಲೈನಿಲ್ಲ, ವಾಂತಿಯಾದರೆ ಹೀರುವ ಯಂತ್ರವಿಲ್ಲ.

ಸಮಯದ ಬೆಲೆಗೆ ಒಂದು ಸಾಕ್ಷಿ ಟ್ರಾನೆಕ್ಸಾಮಿಕ್ ಆಮ್ಲ. ರಕ್ತಸ್ರಾವ ತಗ್ಗಿಸುವ ಅಗ್ಗದ ಮದ್ದು. 2010ರ ಕ್ರ್ಯಾಶ್-2 ಅಧ್ಯಯನ ಅದರ ಲಾಭ ತೋರಿಸಿತು. 1 ಗ್ರಾಂ ಹತ್ತು ನಿಮಿಷದಲ್ಲಿ, ಮತ್ತೆ 1 ಗ್ರಾಂ ಎಂಟು ಗಂಟೆಯಲ್ಲಿ. ಪೆಟ್ಟಾದ ಮೂರು ಗಂಟೆಯೊಳಗೆ ಶುರುವಾಗಬೇಕು, ಆಮೇಲೆ ಲಾಭವಿಲ್ಲ, ಹಾನಿಯಾಗಬಹುದು. ಪೆಟ್ಟಾದ ಹೊತ್ತನ್ನು ಚೀಟಿಯಲ್ಲಿ ಬರೆದಿಡಿ ಎನ್ನುವುದು ಇದಕ್ಕೇ.

ಬೇರೆಡೆ ಕಳಿಸಲೇಬೇಕಾದರೆ 108 ಅಥವಾ ಆಮ್ಲಜನಕವಿರುವ ಆಂಬುಲೆನ್ಸ್, ಜೊತೆಗೆ ತರಬೇತಿ ಪಡೆದವರು. ಶಿಫಾರಸು ಪತ್ರ, ಸಿ.ಟಿ. ಫಿಲ್ಮು ಅಥವಾ ಸಿ.ಡಿ., ಕೊಟ್ಟ ಮದ್ದು-ರಕ್ತದ ಪಟ್ಟಿ ಸಮಯಸಹಿತ ಇರಲಿ. ಆ ಕಡೆಯ ವೈದ್ಯರಿಗೆ ಫೋನ್ ಹೋಗಿ, ಐಸಿಯು ಹಾಸಿಗೆ ಇದೆ ಎಂದು ಖಚಿತವಾದ ಮೇಲೆ ಹೊರಡಿ.

ಖರ್ಚು?

ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಇದೆ. ದಾಖಲಾದ ದಿನವೇ ರೇಷನ್ ಕಾರ್ಡು, ಆಧಾರ್ ಹಿಡಿದು ಆಸ್ಪತ್ರೆಯಲ್ಲಿ ಈ ಯೋಜನೆ ನೋಡಿಕೊಳ್ಳುವ ಆರೋಗ್ಯಮಿತ್ರರನ್ನು ಕಾಣಿ. ರಸ್ತೆ ಅಪಘಾತವಾದರೆ ಎಂಎಲ್‌ಸಿ (ಪೊಲೀಸರಿಗೆ ತಿಳಿಸುವ ಆಸ್ಪತ್ರೆಯ ದಾಖಲೆ) ಮಾಡಿಸಿ. ಗಾಯಾಳುವನ್ನು ತಂದವರಿಗೆ ಮೋಟಾರು ವಾಹನ ಕಾಯ್ದೆಯ 134ಎ ಕಲಂ ರಕ್ಷಣೆ ಕೊಡುತ್ತದೆ, ಹೆದರಬೇಡಿ.

ಜಿಟಿಒಎಸ್ ಅಂಕ 233 ದಾಟಿದೆ ಎಂದರು. ಮನೆಗೆ ಒಯ್ಯಬೇಕೇ?

ಅಂಕವೊಂದನ್ನೇ ನೋಡಿ ಆ ರಾತ್ರಿಯೇ ನಿರ್ಧರಿಸಬೇಡಿ. ನಾವು ಸೂಚಿಸುವ ದಾರಿ ಅವಧಿ ಹಾಕಿಕೊಂಡ ಚಿಕಿತ್ಸೆ. 48ರಿಂದ 72 ಗಂಟೆ ಪೂರ್ತಿ ಪ್ರಯತ್ನ ಮಾಡಿ, ಏನು ಸುಧಾರಿಸಬೇಕು ಎಂದು ವೈದ್ಯರೂ ಮನೆಮಂದಿಯೂ ಮೊದಲೇ ಮಾತಾಡಿಕೊಳ್ಳುವುದು: ಕಣ್ಣು ಬಿಡುವುದೇ, ಲ್ಯಾಕ್ಟೇಟ್ ಇಳಿಯುವುದೇ, ಬಿ.ಪಿ. ಏರಿಸುವ ಮದ್ದು ಕಡಿಮೆಯಾಗುವುದೇ, ಮೂತ್ರ ಬರುವುದೇ. ಆ ಅವಧಿ ಮುಗಿದಾಗ ಮತ್ತೆ ಕೂತು ನೋಡುವುದು.

ವೈದ್ಯರನ್ನು ಕೇಳಿ: ಬದುಕಿದರೆ ಮತ್ತೆ ನಡೆಯುತ್ತಾರಾ? ನಮ್ಮನ್ನು ಗುರುತಿಸುತ್ತಾರಾ? ವೆಂಟಿಲೇಟರ್ ಎಷ್ಟು ದಿನ? ಮುತ್ಯಾ ಮೊದಲೇ “ನನಗ ನಳಿಗಿ ಹಾಕಬ್ಯಾಡ್ರಿ” ಎಂದಿದ್ದರೆ ಆ ಮಾತನ್ನು ಮುಚ್ಚಿಡದೆ ಹೇಳಿ. ಅದು ಅವರ ಹಕ್ಕು. ಚಿಕಿತ್ಸೆ ಫಲಿಸದು ಎಂದು ಎಲ್ಲರೂ ಒಪ್ಪಿ ಮನೆಗೆ ಕರೆದೊಯ್ಯುವುದಾದರೂ ನೋವಿನ ಮದ್ದು, ಉಸಿರು ಕಟ್ಟಿದಾಗಿನ ಮದ್ದು, ಯಾರಿಗೆ ಫೋನ್ ಮಾಡಬೇಕು ಎಂಬುದನ್ನು ಬರೆಸಿಕೊಂಡೇ ಹೊರಡಿ. ನರಳುತ್ತಾ ಹೋಗಲು ಬಿಡಬಾರದು.

ಮನೆಗೆ ಬಂದ ಮೇಲೆ ಎಷ್ಟು ದಿನ ಎಚ್ಚರ ಇರಬೇಕು?

ತಲೆಗೆ ಪೆಟ್ಟಾಗಿದ್ದರೆ ಕನಿಷ್ಠ ಎರಡು ತಿಂಗಳು. ಮೊದಲ ಸಿ.ಟಿ. ಸರಿಯಿದ್ದರೂ ಎರಡು-ಮೂರು ವಾರ ಬಿಟ್ಟು ಮೆದುಳಿನ ಮೇಲೆ ನಿಧಾನವಾಗಿ ರಕ್ತ ಕೂಡಿಕೊಳ್ಳಬಹುದು. ಹೊಸದಾಗಿ ತಲೆನೋವು, ಹಗಲೆಲ್ಲ ನಿದ್ದೆ, ಮಾತು ತೊದಲುವುದು, ಒಂದು ಕಾಲು ಎಳೆಯುವುದು, ಚಪ್ಪಲಿ ಕಳಚಿದ್ದು ಗೊತ್ತಾಗದಿರುವುದು, ಬಟ್ಟೆಯಲ್ಲೇ ಮೂತ್ರ ಹೋಗುವುದು: ಇವನ್ನು “ವಯಸ್ಸಾಯ್ತು, ಅರಳು ಮರಳು” ಎಂದು ಬಿಡಬೇಡಿ. ಅದೇ ದಿನ ಮತ್ತೆ ಸಿ.ಟಿ. ಮಾಡಿಸಿ. ಬುರುಡೆಗೆ ಸಣ್ಣ ತೂತು ಕೊರೆದು ಆ ರಕ್ತ ತೆಗೆದರೆ ಹಲವರು ಕೆಲವೇ ದಿನಗಳಲ್ಲಿ ಎದ್ದು ಕೂತು ಮೊದಲಿನಂತೆ ಮಾತಾಡುತ್ತಾರೆ.